ಬೌಷರ್ ಮನೆಯಲ್ಲಿ ರೋಮಾಧಿಪತಿ ವಧೆ

ಹುಟ್ಟಿದ ಮನೆಯ ಬಗ್ಗೆ ಬರೆ ಎಂದು ಮಗಳು ಶೋಭಾ ಹೇಳುತ್ತಾಳೆ. ಅಲ್ಲಿ ಬರೆಯುವಂಥದ್ದು ಏನೂ ಇಲ್ಲ. ಎರಡನೇ ಕ್ಲಾಸಿಗೆ ಶಾಲೆ ಬಿಡಿಸಿದರು, ಬೀಡಿ ಕಟ್ಟಲು ಕೂರಿಸಿದರು, ಪ್ರಾಯ ಬಂದಾಗ ಮದುವೆ ಮಾಡಿ ಕಳಿಸಿದರು. ಆ ಮನೆಯಲ್ಲಿ ನಾನು ಉದ್ದವಾದೆ, ಅಷ್ಟೆ. ಬೆಳೆದದ್ದು ಮಸ್ಕತ್ತಿನ ಬೌಷರ್‌ನಲ್ಲಿ, ನನ್ನ ಮಗಳು ಬೆಳೆದ ಮನೆಯಲ್ಲಿ, ಅವಳ ಜೊತೆಜೊತೆಗೇ. ಹಾಗಾಗಿ ಬಾಲ್ಯದ ಮನೆ ಎಂದರೆ ನನ್ನ ಕಣ್ಣೆದುರು ಬರುವುದು ಅದೇ. ಇದು ಸರಿಯಲ್ಲ ಎನ್ನುವವರು ಅವರವರ ಬಾಲ್ಯವನ್ನು ಅವರವರೇ ಬರೆದುಕೊಳ್ಳಲಿ.

ಮನೆ ಕೆಳಗಿನ ಮಹಡಿಯಲ್ಲಿತ್ತು. ಹಿಂದೆ ಹುಲ್ಲುಕಡ್ಡಿಯೂ ಇಲ್ಲದ ಕಂದು ಗುಡ್ಡ. ಹಗಲಿಡೀ ಬಿಸಿಲು ಕುಡಿದು ಸಂಜೆ ಅದನ್ನು ನಮ್ಮ ಗೋಡೆಯ ಮೇಲೆ ಉಗುಳುತ್ತಿತ್ತು. ಬೇಸಿಗೆಯಲ್ಲಿ ತಣ್ಣೀರಿನ ನಲ್ಲಿ ತಿರುಗಿಸಿದರೆ ಕೈ ಸುಡುವ ನೀರು, ಏಕೆಂದರೆ ಟ್ಯಾಂಕಿ ತಾರಸಿಯ ಮೇಲೆ. ಆಗ ಗೀಸರಿನ ಸ್ವಿಚ್ಚು ಆರಿಸಿಬಿಟ್ಟರೆ ಅದರೊಳಗಿನ ನೀರು ತಣ್ಣಗಿರುತ್ತದೆ. ಬಿಸಿನೀರಿನ ನಲ್ಲಿಯಲ್ಲಿ ತಣ್ಣೀರು, ತಣ್ಣೀರಿನ ನಲ್ಲಿಯಲ್ಲಿ ಬಿಸಿನೀರು. ಇದನ್ನು ನನಗೆ ಯಾರೂ ಹೇಳಿಕೊಡಲಿಲ್ಲ, ಬೆನ್ನು ಸುಟ್ಟುಕೊಂಡು ಕಲಿತೆ. ಕೂರುವ ಹಾಲ್ ದೊಡ್ಡದು. ಹಾಲಿಗೂ ಅಡುಗೆಮನೆಗೂ ನಡುವಿನ ಗೋಡೆಯಲ್ಲಿ ಬಟ್ಟಲು ದಾಟಿಸುವಷ್ಟು ಅಗಲದ ಒಂದು ಕಂಡಿ. ನಾನು ಲೋಕ ನೋಡಿದ್ದು ಆ ಕಂಡಿಯಿಂದ. ಮನೆಯಲ್ಲಿ ನಾನು, ಇವರು, ಶೋಭಾ, ಮತ್ತೆ ಇವರ ಅಣ್ಣ ಭಾಸ್ಕರ. ಅವರನ್ನು ನಾನು ಭಾವ ಎನ್ನುತ್ತಿದ್ದೆ. ಇವರು, ಎಂದರೆ ನನ್ನ ಗಂಡ ಸಂಜೀವ, ಒಂದು ಗೋಡೌನಿನಲ್ಲಿ ಸ್ಟೋರ್ ಕೀಪರ್. ಭಾವ ಆಫೀಸಿನಲ್ಲಿ ಟೈಪಿಸ್ಟ್. ಭಾವನಿಗೆ ಮೂರು ಹೊತ್ತೂ ಕುಚ್ಚಲಕ್ಕಿಯೇ ಆಗಬೇಕು, ಇವರಿಗೆ ಬಂಗುಡೆ ಸಾರಿನಲ್ಲಿ ಖುಬ್ಬೂಸ್ ಅದ್ದಿ ತಿನ್ನುವ ಆಸೆ. ಭಾವ ನೋಡಿದರೆ "ಅರಬ್ಬಿ ರೊಟ್ಟಿ ತಿಂದು ಅರಬ್ಬಿಯೇ ಆಗ್ತೀಯ" ಎಂದು ಹಂಗಿಸುತ್ತಿದ್ದರು. ಇವರು ಖುಬ್ಬೂಸ್ ತಿನ್ನುತ್ತಿದ್ದದ್ದು ಭಾವ ಸ್ನಾನಕ್ಕೆ ಹೋದಾಗ. ಇವರ ಸ್ವಭಾವ ತಿಳಿಯಲು ಇಷ್ಟು ಸಾಕು.

ಶುಕ್ರವಾರ ರಜೆ. ತಿಂಗಳಿಗೊಂದು ಶುಕ್ರವಾರ ಮಧ್ಯಾಹ್ನ ನಮ್ಮ ಹಾಲಿನಲ್ಲಿ ತಾಳಮದ್ದಳೆ. ನಮ್ಮ ಮಂಗಳೂರು ಕಡೆಯ ಊರಿನವರಿಗೆ ಇದನ್ನು ಹೇಳಬೇಕಾಗಿಲ್ಲ, ಬೇರೆಯವರಿಗೆ ಹೇಳುತ್ತೇನೆ. ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ್ಯ ಹಾಡುತ್ತಾರೆ. ಸುತ್ತ ಕೂತವರು ಒಬ್ಬೊಬ್ಬರು ಒಂದೊಂದು ಪಾತ್ರ ಹಿಡಿದು ಬಾಯಿಗೆ ಬಂದ ಮಾತಿನಲ್ಲೇ ಜಗಳವಾಡುತ್ತಾರೆ. ಅದನ್ನು ಅರ್ಥ ಹೇಳುವುದು ಎನ್ನುತ್ತಾರೆ. ಪುಸ್ತಕ ನೋಡುವಂತಿಲ್ಲ. ಒಬ್ಬ ಕೇಳಿದ್ದಕ್ಕೆ ಇನ್ನೊಬ್ಬ ಉತ್ತರ ಕೊಡಲೇಬೇಕು, ಕೊಡದಿದ್ದರೆ ಕಥೆ ಮುಂದೆ ಹೋಗುವುದಿಲ್ಲ. ಪಾತ್ರದಲ್ಲಿ ಆಡಿದ ಮಾತಿಗೆ ಹೊರಗೆ ಜಗಳ ಮಾಡುವಂತಿಲ್ಲ. ನಮ್ಮ ಕೂಟಕ್ಕೆ ಹಿರಿಯರು ಮಾಸ್ತರ್, ಊರಲ್ಲಿ ಶಾಲೆ ಮಾಸ್ತರಾಗಿದ್ದು ಇಲ್ಲಿ ಯಾವುದೋ ಆಫೀಸು ಸೇರಿದವರು. ಇವರಿಗೆ ಯಾವಾಗಲೂ ರಾಜನ ಪಾತ್ರ, ಧ್ವನಿ ದಪ್ಪ ಎಂದು. ಸಾರಿಗೆ ಉಪ್ಪು ಕಡಿಮೆಯಾಯಿತೆಂದು ಹೇಳಲೂ ಅಂಜುವ ಮನುಷ್ಯ ಚಾಪೆಯ ಮೇಲೆ ಕೂತ ಕೂಡಲೇ ಮೂರು ಲೋಕವನ್ನು ಗದರಿಸುತ್ತಿದ್ದರು. ಏಸಿ ಲಾರಿಯ ಹಾಗೆ ಗುಡುಗುತ್ತಿದ್ದುದರಿಂದ ಪದ್ಯ ಶುರುವಾದರೆ ಅದನ್ನು ಆರಿಸಬೇಕು. ಗಂಡಸರು ಬೆವರಿ ನೀರಾಗುತ್ತಿದ್ದರು. ನಾನು ಕಂಡಿಯಿಂದ ಚಾ ದಾಟಿಸುತ್ತಿದ್ದೆ, ಕೇಳುತ್ತಿದ್ದೆ.

ಹಾಗಿರುವಾಗ ಒಂದು ಶುಕ್ರವಾರ, ತಾಳಮದ್ದಳೆ ಮುಗಿದು ಚಾ ಕುಡಿಯುವ ಹೊತ್ತಿಗೆ, ನನ್ನ ಬದುಕಿನ ವಿಷಯ ತೀರ್ಮಾನವಾಯಿತು. ಇವರಿಗೆ ಸೂರ್‌ನಲ್ಲಿ, ಮಸ್ಕತ್ತಿನಿಂದ ಗಂಟೆಗಟ್ಟಲೆ ದಾರಿಯ ಆ ಊರಿನ ಹೊಸ ಗ್ಯಾಸ್ ಪ್ಲಾಂಟಿನ ಕಡೆ, ಕೆಲಸ ಸಿಕ್ಕಿತ್ತು.

"ಸೂರ್‌ನಲ್ಲಿ ಬ್ಯಾಚುಲರ್ ರೂಮು ಮಾತ್ರ ಕೊಡುದಂತೆ," ಭಾವ ಹೇಳಿದರು. "ಫ್ಯಾಮಿಲಿ ಊರಿಗೆ ಹೋಗ್ಲಿ. ನಾನು ನಮ್ಮ ಆಫೀಸಿನ ಹುಡುಗರೊಟ್ಟಿಗೆ ಸೇರ್ತೇನೆ. ಈ ಮನೆ ಖಲಾಸ್."

"ಅದೇ ಸರಿ," ಮಾಸ್ತರ್ ತಲೆಯಾಡಿಸಿದರು. "ಅಲ್ಲಿ ನಿಮ್ಮ ಅಮ್ಮನಿಗೂ ಕೈಗೊಂದು ಜನ ಆಗ್ತದೆ."

"ಹಾಗೇ ಮಾಡುವ," ಇವರು ಅಂದರು.

ನಾನು ಕಂಡಿಯಲ್ಲಿ ಟ್ರೇ ಹಿಡಿದು ನಿಂತಿದ್ದೆ. ಒಬ್ಬರೂ ತಿರುಗಿ ನೋಡಲಿಲ್ಲ. ಯಾರೋ ಒಬ್ಬರು ಮಾತ್ರ "ಗುಲಾಬಕ್ಕ, ಸಕ್ರೆ ಒಂಚೂರು ಕಮ್ಮಿ ಆಯ್ತು" ಎಂದರು.

ಅತ್ತೆಯ ಮನೆಯಲ್ಲಿ ನಾನು ಕೊನೆಯ ಸೊಸೆ. ಯಾವ ಬಾಗಿಲಿನಿಂದ ಹೊರಗೆ ಹೋಗಬೇಕು, ಯಾವ ಮೆಟ್ಟಿಲ ಮೇಲೆ ಕೂರಬೇಕು ಎಂಬುದನ್ನೂ ಅಲ್ಲಿ ಇನ್ನೊಬ್ಬರು ಹೇಳುತ್ತಿದ್ದರು. ಬೌಷರ್ ಮನೆಯ ಕೀ ನನ್ನ ಸೆರಗಿನ ತುದಿಯಲ್ಲಿತ್ತು. ಅದೊಂದೇ ಆಗಿದ್ದರೆ ಹಲ್ಲು ಕಚ್ಚಿ ಹೋಗುತ್ತಿದ್ದೆನೋ ಏನೋ. ಆದರೆ ಅತ್ತೆ ಫೋನಿನಲ್ಲಿ ಆಗಲೇ ಹೇಳಿಯಾಗಿತ್ತು, ಹೆಣ್ಣುಮಗುವಿಗೆ ಏಳನೇ ಕ್ಲಾಸು ಧಾರಾಳ ಸಾಕು ಎಂದು. ಶೋಭಾ ಆಗ ಆರನೆಯದರಲ್ಲಿದ್ದಳು. ದಿನಾ ಸಂಜೆ ಅಡುಗೆಮನೆಯ ನೆಲದಲ್ಲಿ ಕೂತು ತನ್ನ ಹೋಂವರ್ಕ್ ಮುಗಿಸಿ ಮತ್ತೆ ನನಗೆ ಅಕ್ಷರ ತಿದ್ದಿಸುತ್ತಿದ್ದಳು. ನನಗೆ ಕನ್ನಡ ಒತ್ತಕ್ಷರ ಬಂದದ್ದು ಆ ನೆಲದ ಮೇಲೆ. ನನ್ನನ್ನು ಎಬ್ಬಿಸಿದ ಹಾಗೆ ಅವಳನ್ನೂ ಶಾಲೆಯಿಂದ ಎಬ್ಬಿಸಲು ನಾನು ಬಿಡುವವಳಲ್ಲ.

ಇವರ ಹತ್ತಿರ ಮಾತೆತ್ತಿದೆ. "ಅಣ್ಣ ಹೇಳಿದ್ದಾನಲ್ಲ, ನೋಡುವ" ಎಂದು ಎದ್ದುಹೋದರು. ಮರುದಿನ ಕೇಳಿದೆ, ಚಪ್ಪಲಿ ಹುಡುಕಿದರು. ಊಟಕ್ಕೆ ಬಡಿಸುವಾಗ ಕೇಳಿದೆ, ಬಾಯಿ ತುಂಬ ಅನ್ನ ತುಂಬಿಕೊಂಡರು. ಬೈದರೆ ತಿರುಗಿ ಬೈಯಬಹುದು. ಉತ್ತರವನ್ನೇ ಕೊಡದವರ ಹತ್ತಿರ ಎಂಥ ಮಾಡುವುದು?

ಆ ಹೊತ್ತಿಗೆ ಮನೆಗೆ ಬಂದದ್ದು ಒಂದು ವಿಡಿಯೋ ಕ್ಯಾಸೆಟ್. ಭಾವನ ಆಫೀಸಿನ ಇಂಗ್ಲಿಷ್ ಸಾಹೇಬ ಊರಿಗೆ ಹೊರಟವನು ಒಂದು ಪೆಟ್ಟಿಗೆ ಕ್ಯಾಸೆಟ್ ಹಂಚಿದ್ದ, ಭಾವನ ಪಾಲಿಗೆ ಬಂದದ್ದು ಇದು. ಹಾಕಿದರೆ ಚಿತ್ರ ಬರುತ್ತದೆ, ಶಬ್ದವಿಲ್ಲ. ಭಾವ ವಾಲ್ಯೂಮ್ ಕೊನೆಯವರೆಗೆ ತಿರುಗಿಸಿದರು. ಟೀವಿಯ ಬೆನ್ನಿಗೆ ಬಡಿದರು. ಕೊನೆಗೆ ವಿಸಿಆರ್ ಅನ್ನು ಟವೆಲಿನಲ್ಲಿ ಸುತ್ತಿ ಟ್ಯಾಕ್ಸಿ ಮಾಡಿಕೊಂಡು ಅಲ್ ಮಬೇಲಾದ ರಿಪೇರಿ ಅಂಗಡಿಗೆ ಹೋದರು. ಅಲ್ಲಿಯ ಮಲೆಯಾಳಿ ನೋಡಿ ಹೊಟ್ಟೆ ಹಿಡಿದು ನಕ್ಕನಂತೆ. ಸಿನಿಮಾಕ್ಕೆ ಬಾಯಿ ಬರುವ ಮೊದಲು ತೆಗೆದ ಸಿನಿಮಾ ಅದು. ಭಾವ ಮನೆಗೆ ಬಂದು, "ಇದು ಮೂಕಿ ಚಿತ್ರ, ಭಾರಿ ಹಳತ್ತು" ಎಂದು ತಾವು ಮೊದಲೇ ಬಲ್ಲವರಂತೆ ನಮಗೆಲ್ಲ ತಿಳಿಹೇಳಿದರು.

ಕಥೆ ರೋಮ್ ದೇಶದ್ದು, ಸಾವಿರಾರು ವರ್ಷ ಹಿಂದಿನದು. ಎತ್ತರದ ಕಂಬಗಳು, ಮೈಗೆ ಬೆಡ್‌ಶೀಟ್ ಸುತ್ತಿಕೊಂಡ ಗಂಡಸರು, ಎಲ್ಲರೂ ಕೋಳಿಗಳ ಹಾಗೆ ದಡಬಡ ನಡೆಯುತ್ತಾರೆ. ಒಬ್ಬ ದೊರೆ. ಅವನಿಗೆ ಅಧಿಕಾರ ಜಾಸ್ತಿಯಾಯಿತೆಂದು ಅವನ ಜೊತೆಗೇ ಉಂಡು ತಿಂದ ಸ್ನೇಹಿತರು ಸೇರಿ, ಬೆಡ್‌ಶೀಟಿನ ಒಳಗೆ ಚೂರಿ ಅಡಗಿಸಿಕೊಂಡು, ತುಂಬಿದ ಸಭೆಯಲ್ಲಿ ಅವನನ್ನು ಇರಿದು ಕೊಲ್ಲುತ್ತಾರೆ. ನಡುನಡುವೆ ಕಪ್ಪು ಹಲಗೆ ಬಂದು ಅದರಲ್ಲಿ ಇಂಗ್ಲಿಷಿನಲ್ಲಿ ಎರಡು ಮಾತು. ಅಷ್ಟೇ ಸಿನಿಮಾ.

ನಮ್ಮ ಭಾಗವತರು ಕಣ್ಣಿನ ಆಪರೇಷನ್ನಿಗೆಂದು ಊರಿಗೆ ಹೋಗಿದ್ದರು. ಭಾಗವತರಿಲ್ಲದೆ ತಾಳಮದ್ದಳೆ ಇಲ್ಲ. ಇವರು ಸೂರ್‌ಗೆ ಹೊರಡುವ ಮೊದಲು ಒಂದು ಕೂಟ ಆಗಲೇಬೇಕೆಂದು ಎಲ್ಲರಿಗೂ ಆಸೆ. ಕ್ಯಾಸೆಟ್ ನೋಡಿದ ಮಾಸ್ತರಿಗೆ ಯೋಚನೆ ಹೊಳೆಯಿತು.

"ಈ ಟೀವಿಯೇ ಭಾಗವತ ಮಾರಾಯ್ರೆ! ಅದು ಚಿತ್ರ ತೋರಿಸ್ತದೆ, ನಾವು ಅರ್ಥ ಹೇಳುವ. ಪ್ರಸಂಗದ ಹೆಸರು ರೋಮಾಧಿಪತಿ ವಧೆ!"

ಭಾವನಿಗೆ ಹೆದರಿಕೆ. "ದೊರೆಯನ್ನು ಕೊಲ್ಲುವ ಕಥೆ, ನಾವಿರುದು ದೊರೆಯ ದೇಶದಲ್ಲಿ. ಯಾರಾದ್ರೂ ಕೇಳಿದ್ರೆ?"

"ತುಳುವರ ಬೊಬ್ಬೆ ಯಾರಿಗೆ ಅರ್ಥ ಆಗ್ತದೆ? ಕಿಟಕಿ ಹಾಕುವ."

ಪಾತ್ರ ಹಂಚುವಾಗ ದೊಡ್ಡ ಗಲಾಟೆ. ಕೊಲ್ಲುವ ಸ್ನೇಹಿತನ ಪಾತ್ರ ಎಲ್ಲರಿಗೂ ಬೇಕು, ಏಕೆಂದರೆ ಸ್ನೇಹ ದೊಡ್ಡದೋ ದೇಶ ದೊಡ್ಡದೋ ಎಂದು ಒಂದು ಗಂಟೆ ಮಾತಾಡಬಹುದು. ಅದು ಮಾಸ್ತರಿಗೆ ಹೋಯಿತು. ದೊರೆ ಇವರೇ. ದೊರೆಯ ಹೆಂಡತಿಯ ಸುದ್ದಿ ಬಂದಾಗ ಭಾವ, "ಅದಕ್ಕೆ ಜನ ಬೇಡ. ಹೋಗಬೇಡಿ ಅಂತ ಅಳ್ತಾಳೆ, ಅಷ್ಟೆ" ಅಂದರು. ಎಲ್ಲರೂ ಒಪ್ಪಿದರು.

ಮಧ್ಯಾಹ್ನ ಎಲ್ಲರೂ ಕೆಲಸಕ್ಕೆ ಹೋದ ಮೇಲೆ ನಾನು ತೊಂಡೆಕಾಯಿ ಕೊಯ್ಯುತ್ತ ಆ ಸಿನಿಮಾ ನೋಡಿದೆ. ದಿನಾ ನೋಡಿದೆ. ಸಭೆಗೆ ಹೊರಡುವ ಬೆಳಿಗ್ಗೆ ಆ ಹೆಂಡತಿ ಬಂದು ಗಂಡನ ಬೆಡ್‌ಶೀಟಿನ ಅಂಚು ಹಿಡಿಯುತ್ತಾಳೆ. ಬಾಯಿ ಆಡಿಸುತ್ತಾಳೆ. ಸುಮಾರು ಹೊತ್ತು ಆಡಿಸುತ್ತಾಳೆ, ಕೈ ಬೀಸುತ್ತಾಳೆ, ಬಾಗಿಲ ಕಡೆ ತೋರಿಸುತ್ತಾಳೆ, ಒಮ್ಮೆ ತನ್ನ ಎದೆ ಮುಟ್ಟಿಕೊಳ್ಳುತ್ತಾಳೆ. ಆಮೇಲೆ ಹಲಗೆ ಬರುತ್ತದೆ. ಶೋಭಾ ಶಾಲೆಯಿಂದ ಬಂದಾಗ ಕೇಳಿದೆ.

"ಏನಂತೆ ಅದರಲ್ಲಿ?"

"ಡೋಂಟ್ ಗೋ ಟುಡೇ."

"ಮತ್ತೆ?"

"ಅಷ್ಟೇ ಅಮ್ಮ. ದಟ್ಸ್ ಆಲ್."

"ಅಷ್ಟು ಹೊತ್ತು ಬಾಯಿ ಆಡಿಸಿದ್ಳಲ್ಲ, ಬಾಕಿದ್ದೆಲ್ಲ ಎಲ್ಲಿಗೆ ಹೋಯ್ತು?"

"ಐ ಡೋಂಟ್ ನೋ. ಸಿನಿಮಾದವರು ಬರೀಲಿಲ್ಲ."

ನನಗೆ ಅದು ತಲೆಯಲ್ಲಿ ಕೂತಿತು. ಪಾತ್ರೆ ತೊಳೆಯುವಾಗ, ಹಿಟ್ಟು ರುಬ್ಬುವಾಗ, ಅದೇ. ಅವಳು ಆಡಿದ್ದು ಇಷ್ಟು, ಬರೆದವನು ಹಾಕಿದ್ದು ಅಷ್ಟು. ಆಗಲೇ ನಿಶ್ಚಯ ಮಾಡಿದೆ. ಸಂಜೆ ಭಾವ, ಇವರು, ಇಬ್ಬರೂ ಊಟಕ್ಕೆ ಕೂತಾಗ ಹೇಳಿದೆ.

"ಆ ಹೆಂಡತಿಯ ಅರ್ಥ ನಾನು ಹೇಳ್ತೇನೆ."

ಇವರ ಕೈಯ ತುತ್ತು ಕೈಯಲ್ಲೇ ಉಳಿಯಿತು. ಭಾವ ನಕ್ಕರು. "ಎಂಥದು? ಗಂಡಸರ ನಡುವೆ ಕೂತು? ನಿಂಗೆ ಅಂಗಡಿ ಬೋರ್ಡು ಓದ್ಲಿಕ್ಕೆ ಬರುದಿಲ್ಲ ಮಾರಾಯ್ತಿ, ಅರ್ಥ ಹೇಳ್ತಿಯಾ?"

"ಅರ್ಥ ಹೇಳ್ಲಿಕ್ಕೆ ಪುಸ್ತಕ ನೋಡುವ ಹಾಗಿಲ್ಲ ಅಂತ ನೀವೇ ಹೇಳುದಲ್ವಾ?"

"ಊರಿಗೆ ಗೊತ್ತಾದ್ರೆ ನಗ್ತಾರೆ."

"ನಗ್ಲಿ. ನನಗೆ ಪಾತ್ರ ಇಲ್ಲದಿದ್ರೆ ಶುಕ್ರವಾರ ಅಡುಗೆಯೂ ಇಲ್ಲ. ನೀರು ದೋಸೆ ನೀವೇ ಹೊಯ್ಯಿರಿ."

ನಾನು ಬಾಯಿಮಾತಿಗೆ ಹೇಳಿದ್ದಲ್ಲ. ಗುರುವಾರ ಅಕ್ಕಿ ನೆನೆಹಾಕಲಿಲ್ಲ. ಭಾವ ಅಡುಗೆಮನೆಗೆ ಬಂದು ಒಣ ಪಾತ್ರೆ ನೋಡಿ ಹೋದರು. ಮಾಸ್ತರಿಗೆ ಫೋನು ಹೋಯಿತು. ಮಾಸ್ತರು ಆ ಕಡೆಯಿಂದ ನಗುತ್ತ ಏನು ಹೇಳಿದರೋ, ಭಾವ ಫೋನು ಇಟ್ಟು, "ಒಂದು ನಿಮಿಷದ ಪಾತ್ರ, ಹೇಳ್ಲಿ ಬಿಡಿ ಅಂತಾರೆ ಮಾಸ್ತರ್. ಒಂದೇ ನಿಮಿಷ" ಅಂದರು. ನಾನು ಅಕ್ಕಿ ನೆನೆಹಾಕಿದೆ.

ಮೇಲಿನ ಮಹಡಿಯಲ್ಲಿ ಲಿಲ್ಲಿಬಾಯಿ ಇದ್ದಳು. ಮಂಗಳೂರಿನ ಕ್ರಿಶ್ಚನ್ ಹೆಂಗಸು, ಮನೆಮಾತು ಕೊಂಕಣಿ, ಗಂಡ ಆಫೀಸಿನಲ್ಲಿ ಕ್ಲಾರ್ಕ್. ಅವಳನ್ನು ಕರೆದು ಬೆಡ್‌ಶೀಟ್ ಸುತ್ತಿ ದೊರೆ ಮಾಡಿದೆ. ಸೊಂಟಕ್ಕೆ ಕೈಯಿಟ್ಟು ನಿಂತಳು.

"ಬೇಗ ಹೇಳು ಬಾಯೆ, ಒಲೆ ಮೇಲೆ ಸಾರು ಇಟ್ಟು ಬಂದಿದ್ದೇನೆ. ನಾನು ಸಾಯ್ಲಿಕ್ಕೆ ಹೋಗ್ಬೇಕು."

"ಸ್ವಲ್ಪ ನಿಲ್ಲು. ದೊರೆ ಹಾಗೆ ನಿಲ್ಲು."

"ದೊರೆ ಹೇಗೆ ನಿಲ್ತಾನೆ? ನನ್ನ ಗಂಡ ಸಂಬಳದ ದಿನ ನಿಲ್ಲುವ ಹಾಗಾ?" ಎಂದು ಹೊಟ್ಟೆ ಮುಂದೆ ಮಾಡಿದಳು. ಇಬ್ಬರೂ ನಕ್ಕು ನಕ್ಕು ನೆಲದಲ್ಲಿ ಕೂತೆವು. ಆಮೇಲೆ ನಾನು ಹೇಳಬೇಕೆಂದಿದ್ದನ್ನು ಹೇಳಿದೆ. ಲಿಲ್ಲಿಬಾಯಿ ನಗು ನಿಲ್ಲಿಸಿದಳು. ಬೆಡ್‌ಶೀಟ್ ಬಿಚ್ಚಿ ಮಡಿಸಿ ನನ್ನ ಕೈಗೆ ಕೊಟ್ಟಳು. "ದೇವಾ! ಇದನ್ನು ಹಾಗೇ ಹೇಳು. ಒಂದು ಶಬ್ದ ಬಿಡ್ಬೇಡ," ಅಂದಳು.

ಶುಕ್ರವಾರ ಊಟವಾಗಿ ಕಿಟಕಿ ಹಾಕಿದರು. ಹಾಲ್ ತುಂಬ ಜನ. ಲಿಲ್ಲಿಬಾಯಿ ಗಂಡನನ್ನು ಎಳೆದುಕೊಂಡು ಬಂದು ಬಾಗಿಲ ಹತ್ತಿರ ಕೂತಿದ್ದಳು. ಶೋಭಾಳಿಗೆ ವಿಸಿಆರ್ ಕೆಲಸ. ಮಾಸ್ತರು ದೇವರ ಸ್ತುತಿ ಹೇಳಿ, ಟೀವಿಗೆ ಕೈಮುಗಿದು, ಅರಬ್ಬಿಗಳ ಹಾಗೆ "ಯಲ್ಲಾ, ಶುರು ಮಾಡು ಮಗಾ" ಅಂದರು. ಚಿತ್ರ ಓಡಿತು. ಒಬ್ಬೊಬ್ಬರೂ ಬಾಯಿಬಿಟ್ಟರು. ತೊಂದರೆ ಆಗಲೇ ತಿಳಿಯಿತು. ಭಾಗವತರಾದರೆ ಕಾಯುತ್ತಾರೆ, ಟೀವಿ ಕಾಯುವುದಿಲ್ಲ. ಮಾಸ್ತರು "ಎಲೈ ದೊರೆಯೇ" ಎಂದು ಉಸಿರೆಳೆಯುವಷ್ಟರಲ್ಲಿ ಅವರ ಪಾತ್ರ ಕುದುರೆ ಹತ್ತಿ ಹೋಗಿಯೂ ಆಯಿತು. ಜನ ನಗುತ್ತಿದ್ದರು. ಇವರು ಮಾತ್ರ ಧ್ವನಿ ಏರಿಸಿ ಏರಿಸಿ ಚಿತ್ರಕ್ಕೆ ಸರಿಯಾಗಿ ಹೇಳುತ್ತಿದ್ದರು, ಹಾಗೆ ಹೇಳುವುದಿದ್ದರೆ ಇವರೇ ಹೇಳಬೇಕು. ಆ ಬೆಳಿಗ್ಗೆಯ ಚಿತ್ರ ಬಂತು. ನಾನು ಅಡುಗೆಮನೆಯಿಂದ ಕೈ ಒರೆಸಿಕೊಳ್ಳುತ್ತ ಬಂದು ಇವರೆದುರು ಚಾಪೆಯ ಮೇಲೆ ಕೂತೆ. ಹೆಂಡತಿ ಅಂಚು ಹಿಡಿದಳು, ಬಾಯಿ ತೆರೆದಳು. ಅಷ್ಟರಲ್ಲಿ ಚಿತ್ರ ಗಕ್ಕನೆ ನಿಂತಿತು. ಶೋಭಾ ಪಾಜ್ ಗುಂಡಿ ಒತ್ತಿದ್ದಳು. ಅವಳಿಗೆ ನಾನು ಹೇಳಿಕೊಟ್ಟಿರಲಿಲ್ಲ. ಪರದೆಯ ಮೇಲೆ ಆ ಹೆಂಗಸು ಬಾಯಿ ತೆರೆದುಕೊಂಡೇ ನಡುಗುತ್ತ ನಿಂತಳು.

"ಸ್ವಾಮಿ," ಅಂದೆ. ಧ್ವನಿ ನನ್ನದೇ ಎಂದು ನನಗೇ ಅನ್ನಿಸಲಿಲ್ಲ. "ಹೋಗಬೇಡಿ ಅಂತ ನಾನು ಹೇಳಿದೆ ಅಂತ ಹಲಗೆಯಲ್ಲಿ ಬರೀತಾರೆ. ಅದು ಸುಳ್ಳು. ನೀವು ಹೋಗಿ. ದೊರೆಯಾದವರು ಕೆಲಸಕ್ಕೆ ಹೋಗಲೇಬೇಕು. ನಾನು ಕೇಳುವುದು ಬೇರೆ. ನೀವು ಹೋದ ಮೇಲೆ ನಾನು ಎಲ್ಲಿರಬೇಕು, ನಿಮ್ಮ ಮಗಳು ಎಲ್ಲಿರಬೇಕು ಅಂತ ಯಾರ ಹತ್ತಿರ ಕೇಳಿ ತೀರ್ಮಾನ ಮಾಡಿದಿರಿ?"

ಹಾಲಿನಲ್ಲಿ ನಗು ನಿಂತಿತು. ಇವರು ಗಂಟಲು ಸರಿಮಾಡಿಕೊಂಡರು. "ದೇವೀ, ರಾಜ್ಯದ ವಿಷಯದಲ್ಲಿ ನನ್ನ ಅಣ್ಣನೂ ಮಂತ್ರಿಗಳೂ ಹಿತವನ್ನೇ..."

"ಆ ಮಂತ್ರಿಗಳ ಕೈ ನೋಡಿದಿರಾ? ಬಟ್ಟೆಯ ಒಳಗೆ ಏನು ಹಿಡಿದುಕೊಂಡಿದ್ದಾರೆ ಅಂತ ನೋಡಿದಿರಾ?"

ಕೂತವರು ತಮ್ಮ ತಮ್ಮ ಕೈ ನೋಡಿಕೊಂಡರು. ಕೈಯಲ್ಲಿ ನನ್ನ ಚಾದ ಗ್ಲಾಸು. ಬಾಗಿಲ ಹತ್ತಿರ ಲಿಲ್ಲಿಬಾಯಿ ನಗು ತಡೆಯಲಾಗದೆ ಸೀನಿದ ಹಾಗೆ ಮಾಡಿದಳು.

"ನಿಲ್ಲಿಸು ಈ ಮಾತನ್ನು!" ಭಾವ ಎದ್ದರು. "ಇದು ಪ್ರಸಂಗದಲ್ಲಿ ಇಲ್ಲ. ಶೋಭಾ, ಪ್ಲೇ ಒತ್ತು!"

ಶೋಭಾ ನನ್ನ ಮುಖ ನೋಡಿದಳು. ಗುಂಡಿಯಿಂದ ಬೆರಳು ತೆಗೆದು ಮಡಿಲಲ್ಲಿ ಇಟ್ಟುಕೊಂಡಳು.

"ಸ್ವಾಮಿ, ನನ್ನನ್ನು ನಿಮ್ಮ ತಾಯಿಯ ಅರಮನೆಗೆ ಕಳಿಸುತ್ತೀರಂತೆ. ಅಲ್ಲಿ ನಿಮ್ಮ ಮಗಳ ವಿದ್ಯೆ ಏಳನೇ ಕ್ಲಾಸಿಗೆ ಮುಗಿಯುತ್ತದೆ. ನಾನು ಈ ಮನೆ ಬಿಡುವುದಿಲ್ಲ. ಅವಳು ಈ ಶಾಲೆ ಬಿಡುವುದಿಲ್ಲ. ಇದಕ್ಕೆ ನಿಮ್ಮ ಉತ್ತರ ಏನು? ಅಣ್ಣನದ್ದು ಬೇಡ, ನಿಮ್ಮದು."

ಇವರು ಮಾಸ್ತರರ ಕಡೆ ನೋಡಿದರು. ಭಾವನ ಕಡೆ ನೋಡಿದರು. ಎದ್ದುಹೋಗಲು ಚಪ್ಪಲಿ ಇಲ್ಲ, ಬಾಯಿಗೆ ತುಂಬಿಕೊಳ್ಳಲು ಅನ್ನವಿಲ್ಲ. ಮಾಸ್ತರು ನನ್ನ ಪರವಾಗಿ ಮಾತಾಡಿದರು ಎಂದು ಲಿಲ್ಲಿಬಾಯಿ ಆಮೇಲೆಲ್ಲ ಹೇಳಿಕೊಂಡು ತಿರುಗಿದಳು. ಅದು ಸುಳ್ಳು. ಮಾಸ್ತರು ತಾಳಮದ್ದಳೆಯ ಪರವಾಗಿ ಮಾತಾಡಿದರು.

"ಭಾಸ್ಕರಾ, ಕೂತ್ಕೊ. ಅರ್ಥದ ನಡುವೆ ಏಳುವ ಕ್ರಮ ಇಲ್ಲ. ಸಂಜೀವಾ, ಪ್ರಶ್ನೆ ಬಂದಿದೆ. ಉತ್ತರ ಕೊಡದೆ ಕಥೆ ಮುಂದೆ ಹೋಗುವ ಹಾಗಿಲ್ಲ."

ಇವರ ಹಣೆಯ ಬೆವರು ಮೂಗಿನ ತುದಿಗೆ ಬಂದು ಬಿದ್ದದ್ದು ನೆನಪಿದೆ. ಆಮೇಲೆ ಆ ದಪ್ಪ ಧ್ವನಿಯಲ್ಲಿ, ರಾಜನ ಧ್ವನಿಯಲ್ಲಿ ಹೇಳಿದರು.

"ದೇವೀ, ಈ ಅರಮನೆ ನಿನ್ನದು. ನಾನು ಬರುವವರೆಗೂ ಬಂದ ಮೇಲೂ ಇದರ ಕೀ ನಿನ್ನ ಹತ್ತಿರವೇ ಇರಲಿ. ಮಗಳು ಓದಲಿ."

ನಾನು ಎದ್ದೆ. ಶೋಭಾ ಪ್ಲೇ ಒತ್ತಿದಳು. ಹೆಂಡತಿ ಬಾಯಿ ಮುಚ್ಚಿದಳು, ಹಲಗೆ ಬಂತು, ಹೋಯಿತು. ದೊರೆ ಸಭೆಗೆ ಹೋದ. ಅವನನ್ನು ಕೊಲ್ಲುವಾಗ ಗಂಡಸರೆಲ್ಲ ಒಟ್ಟಿಗೆ ಬೊಬ್ಬೆ ಹೊಡೆಯುತ್ತಿದ್ದದ್ದು ನನಗೆ ಅಡುಗೆಮನೆಗೆ ಕೇಳಿತು. ನಾನು ಎರಡನೇ ಸುತ್ತಿನ ಚಾಕ್ಕೆ ನೀರಿಟ್ಟಿದ್ದೆ. ಸಕ್ಕರೆ ನನಗೆ ಬೇಕಾದಷ್ಟೇ ಹಾಕಿದೆ.

ಎಲ್ಲರೂ ಹೋದ ಮೇಲೆ ಇವರು ಕಂಡಿಯ ಆ ಕಡೆ ನಿಂತರು. "ಅದು ಅರ್ಥದಲ್ಲಿ ಆಡಿದ ಮಾತು ಗುಲಾಬಿ. ಪಾತ್ರದ ಮಾತು."

"ಹೌದು. ಹೊರಗೆ ಅದಕ್ಕೆ ಜಗಳ ಮಾಡುವ ಹಾಗಿಲ್ಲ. ನೀವೂ ಮಾಡ್ಬೇಡಿ."

ಹಾಲಿನಲ್ಲಿ ಉಳಿದ ಖಾಲಿ ಗ್ಲಾಸುಗಳನ್ನು ಒಂದೊಂದಾಗಿ ಕಂಡಿಯಿಂದ ನನ್ನ ಕಡೆ ದಾಟಿಸಿದರು. ಆಮೇಲೆ, "ಖುಬ್ಬೂಸ್ ಉಂಟಾ?" ಎಂದು ಕೇಳಿದರು. ಭಾವ ಹಾಲಿನಲ್ಲೇ ಕೂತಿದ್ದರು. ಅವರೆದುರಿಗೇ ಕೂತು ತಿಂದರು.

ಇವರು ಸೂರ್‌ಗೆ ಹೋದರು. ಗುರುವಾರ ಸಂಜೆ ಬರುತ್ತಿದ್ದರು, ಬರುವಾಗ ಅಲ್ಲಿಯ ಮೀನು ತರುತ್ತಿದ್ದರು. ಅವರು ಹೊರಡುವ ಮೊದಲು ನಾನು ಲಿಲ್ಲಿಬಾಯಿಯ ಜೊತೆ ಹೋಗಿ ಇನ್ನೊಂದು ಕೀ ಮಾಡಿಸಿ ಅವರ ಚೀಲಕ್ಕೆ ಹಾಕಿದೆ. ಭಾವ ಎಲ್ಲಿಗೂ ಹೋಗಲಿಲ್ಲ, ಕುಚ್ಚಲಕ್ಕಿ ಬೇಯಿಸಿ ಹಾಕುವವರು ಬೇರೆಲ್ಲಿ ಸಿಗುತ್ತಾರೆ? ಶೋಭಾ ಹನ್ನೆರಡನೆಯದನ್ನು ಆ ಮನೆಯಿಂದಲೇ ಮುಗಿಸಿದಳು. ಈಗ ನಾನು ಬರೆದದ್ದರಲ್ಲಿ ತಪ್ಪು ತಿದ್ದುವವಳು ಅವಳೇ, ಅವಳು ತಿದ್ದಿದ್ದರಲ್ಲಿ ಅರ್ಧವನ್ನು ನಾನು ಮತ್ತೆ ಮೊದಲಿನ ಹಾಗೆ ಮಾಡುತ್ತೇನೆ.

ಆ ಕ್ಯಾಸೆಟ್ ಬಹಳ ದಿನ ಮನೆಯಲ್ಲಿತ್ತು. ಒಂದೇ ಕಡೆ ಅಷ್ಟು ಹೊತ್ತು ನಿಲ್ಲಿಸಿದ್ದರಿಂದ ಟೇಪು ಸವೆದು, ಯಾವಾಗ ಹಾಕಿದರೂ ಆ ಹೆಂಡತಿ ಬಾಯಿ ತೆರೆಯುವ ಜಾಗಕ್ಕೆ ಬಂದಾಗ ಪರದೆಯ ಅಡ್ಡಕ್ಕೆ ಒಂದು ಬಿಳಿ ಗೆರೆ ಎದ್ದು ನಡುಗುತ್ತಿತ್ತು, ಚಿತ್ರ ಜಗ್ಗುತ್ತಿತ್ತು.

"ನೋಡು," ಭಾವ ಪ್ರತಿ ಸಲವೂ ಹೇಳುತ್ತಿದ್ದರು, "ನಿನ್ನ ಒಂದು ನಿಮಿಷದ ಪಾತ್ರದಿಂದ ಕ್ಯಾಸೆಟ್ಟೇ ಹಾಳಾಯ್ತು."

"ಹಾಳಾಗ್ಲಿ," ನಾನು ಹೇಳುತ್ತಿದ್ದೆ. "ಅವಳು ಅಲ್ಲಿ ಏನೋ ಹೇಳಿದ್ಳು ಅಂತ ಈಗ ಎಲ್ಲರಿಗೂ ಗೊತ್ತಾಗ್ತದೆ."